ಲೋಕಾಯುಕ್ತ: ಪದವೂ ಪದವಿಯೂ

೧

ಆಳುವವರ ತಪ್ಪನ್ನು ವಿಚಾರಿಸತಕ್ಕವರು ಯಾರು ಎಂಬ ಪ್ರಶ್ನೆಯು ರಾಜ್ಯವ್ಯವಸ್ಥೆಯಷ್ಟೇ ಪ್ರಾಚೀನವಾದುದು. ಕೌಟಿಲ್ಯನು ಅರ್ಥಶಾಸ್ತ್ರದ ‘ಅಧ್ಯಕ್ಷಪ್ರಚಾರ’ವೆಂಬ ಎರಡನೆಯ ಅಧಿಕರಣದಲ್ಲಿ ರಾಜದ್ರವ್ಯವನ್ನು ಅಪಹರಿಸುವುದಕ್ಕೆ ನಲವತ್ತು ಬಗೆಗಳುಂಟೆಂದು ಎಣಿಸಿದ್ದಾನೆ. ಅಲ್ಲಿ ಅಧಿಕಾರಿಗೆ ಸಲ್ಲುವ ಹೆಸರುಗಳಲ್ಲಿ ಒಂದು ‘ಯುಕ್ತ’. ಅಶೋಕನ ಮೂರನೆಯ ಶಿಲಾಶಾಸನದಲ್ಲಿಯೂ ಯುಕ್ತ, ರಜ್ಜುಕ, ಪ್ರಾದೇಶಿಕರೆಂಬ ಅಧಿಕಾರಿವರ್ಗಗಳ ಉಲ್ಲೇಖವಿದೆ. ‘ಯುಜ್’ ಧಾತುವಿನಿಂದಲೇ ಹುಟ್ಟಿದ ‘ಆಯುಕ್ತ’ ಶಬ್ದಕ್ಕೆ ಕಾರ್ಯದಲ್ಲಿ ನಿಯೋಜಿತನಾದವನೆಂದು ಅರ್ಥ. ಕಣ್ಣಿಡಬೇಕಾದವನ ಹೆಸರೂ, ಯಾರ ಮೇಲೆ ಕಣ್ಣಿಡಬೇಕೋ ಆತನ ಹೆಸರೂ ಒಂದೇ ಧಾತುವಿನಿಂದ ಬಂದಿರುವುದು ಗಮನಾರ್ಹವಾದ ಸಂಗತಿ. ಬೇಲಿಯೇ ಎದ್ದು ಹೊಲವನ್ನು ಮೇಯ್ದರೆ ಕಾಯುವವರಾರೆಂಬ ಗಾದೆಯ ಚಿಂತೆಯು ಆ ಶಬ್ದಸಂಬಂಧದಲ್ಲಿಯೇ ಅಡಗಿದಂತಿದೆ.

‘ಲೋಕಪಾಲ’ ಎಂಬ ಹಳೆಯ ಪದಕ್ಕೆ ಈ ಹೊಸ ಅರ್ಥವನ್ನು ೧೯೬೩ರಲ್ಲಿ ಕೊಟ್ಟವರು ಲೋಕಸಭೆಯ ಸದಸ್ಯರಾಗಿದ್ದ ಎಲ್. ಎಂ. ಸಿಂಘ್ವಿಯವರು. ಮೊರಾರ್ಜಿ ದೇಸಾಯಿಯವರು ಅಧ್ಯಕ್ಷರಾಗಿದ್ದ ಆಡಳಿತ ಸುಧಾರಣಾ ಆಯೋಗವು ೧೯೬೬ರಲ್ಲಿ ಒಪ್ಪಿಸಿದ ವರದಿಯಲ್ಲಿ ಲೋಕಪಾಲ, ಲೋಕಾಯುಕ್ತ ಎಂಬ ಎರಡು ಪದವಿಗಳೂ ಕಾಣಿಸಿಕೊಂಡವು. ‘ಲೋಕಾಯುಕ್ತ’ ಎಂಬ ಸಮಾಸವನ್ನು ಲೋಕದಿಂದ ನಿಯುಕ್ತನಾದವನು ಎಂದು ಬಿಡಿಸಬಹುದು. ಲೋಕಕ್ಕಾಗಿ ನಿಯುಕ್ತನಾದವನು ಎಂದೂ ಗ್ರಹಿಸಬಹುದು. ಈ ಎರಡು ಅರ್ಥಗಳ ನಡುವಣ ಅಂತರವು ಕೇವಲ ವ್ಯಾಕರಣದ ವಿಷಯವಲ್ಲ. ಪದವಿಯು ಲೋಕಕ್ಕಾಗಿ ಇದ್ದರೂ ನೇಮಿಸುವವರು ಬೇರೆ. ಆ ನೇಮಿಸುವವರೇ ಅನೇಕ ವೇಳೆ ವಿಚಾರಣೆಗೆ ಒಳಗಾಗಬೇಕಾದವರು. ಈ ತೊಡಕನ್ನು ಕರ್ಣಾಟಕವು ಎಷ್ಟರಮಟ್ಟಿಗೆ ಬಿಡಿಸಿಕೊಂಡಿತೆಂಬುದೇ ಮುಂದಿನ ವಿವೇಚನೆಯ ವಿಷಯ.

೨

ಈ ಪದವಿಯ ಮೂಲವು ಸ್ವೀಡನ್ ದೇಶದಲ್ಲಿದೆ. ಸ್ವೀಡಿಷ್ ಭಾಷೆಯ ‘ಓಂಬುಡ್’ ಎಂಬುದಕ್ಕೆ ಪ್ರತಿನಿಧಿಯೆಂದು ಅರ್ಥ. ೧೭೧೩ರಲ್ಲಿ ಆ ದೇಶದ ದೊರೆ ಹನ್ನೆರಡನೆಯ ಚಾರ್ಲ್ಸನು ಯುದ್ಧದಲ್ಲಿ ಸೋತು ತುರ್ಕರ ನಾಡಿನಲ್ಲಿದ್ದಾಗ, ಸ್ವದೇಶದ ಅಧಿಕಾರಿಗಳು ಕರ್ತವ್ಯವನ್ನು ನೆರವೇರಿಸುತ್ತಿರುವರೇ ಎಂದು ನೋಡುವುದಕ್ಕಾಗಿ ತನ್ನ ಪ್ರತಿನಿಧಿಯೊಬ್ಬನನ್ನು ನೇಮಿಸಿದನು. ಆತನು ದೊರೆಯ ಕಣ್ಣಾಗಿದ್ದನು. ೧೮೦೯ರ ರಾಜ್ಯಾಂಗಶಾಸನವು ದೊರೆಯ ಅಧಿಕಾರವನ್ನು ಮಿತಗೊಳಿಸಿ, ಜನಪ್ರತಿನಿಧಿಸಭೆಯೇ ಆರಿಸತಕ್ಕ ಓಂಬುಡ್ಸ್‌ಮನ್ ಎಂಬ ಅಧಿಕಾರಿಯನ್ನು ಸ್ಥಾಪಿಸಿತು. ಹೆಸರು ಹೆಚ್ಚುಕಡಮೆ ಒಂದೇ ಆದರೂ ಯಾರ ಪರವಾಗಿ ನೋಡಬೇಕೆಂಬುದು ಬದಲಾಯಿತು; ಪದವಿಯ ಸ್ವಾತಂತ್ರ್ಯವು ಆ ಬದಲಾವಣೆಯಿಂದ ಹುಟ್ಟಿತು.

ಬಹುಕಾಲ ಸ್ವೀಡನ್ನಿನಲ್ಲಿಯೇ ಉಳಿದಿದ್ದ ಈ ಪದ್ಧತಿಯನ್ನು ೧೯೧೯ರ ರಾಜ್ಯಾಂಗದ ಮೂಲಕ ಫಿನ್ಲೆಂಡೂ, ೧೯೫೫ರಲ್ಲಿ ಡೆನ್ಮಾರ್ಕೂ, ೧೯೬೨ರಲ್ಲಿ ನ್ಯೂಜಿಲೆಂಡೂ, ೧೯೬೭ರಲ್ಲಿ ಬ್ರಿಟನ್ನೂ ಅನುಸರಿಸಿದವು. ಬಗೆಬಗೆಯ ಭೇದಗಳಿದ್ದರೂ ಇವುಗಳ ತಿರುಳು ಒಂದೇ. ಈ ಅಧಿಕಾರಿಯು ನ್ಯಾಯಾಧೀಶನಂತೆ ತೀರ್ಪು ಕೊಡುವುದಿಲ್ಲ, ಸರ್ಕಾರದ ಆಜ್ಞೆಯನ್ನು ರದ್ದುಮಾಡುವುದಿಲ್ಲ. ಪ್ರಜೆಯ ದೂರನ್ನು ಕೇಳುವುದು, ಕಚೇರಿಯ ಕಡತವನ್ನು ತರಿಸಿ ನೋಡುವುದು, ಕಂಡದ್ದನ್ನು ಶಾಸನಸಭೆಗೂ ಲೋಕಕ್ಕೂ ತಿಳಿಸುವುದು, ಇವೇ ಆತನ ಸಾಧನಗಳು. ಆತನ ಮಾತಿಗೆ ಉತ್ತರ ಹೇಳಲೇಬೇಕೆಂಬ ಕಟ್ಟು ಸರ್ಕಾರದ ಮೇಲಿದ್ದರೆ ಮಾತ್ರ ಆ ಮಾತಿಗೆ ಬೆಲೆ.

೩

ಮೈಸೂರು ಸಂಸ್ಥಾನಕ್ಕೆ ಸರ್ಕಾರದಿಂದ ಉತ್ತರ ಕೇಳುವ ಪದ್ಧತಿಯು ಹೊಸದಾಗಿರಲಿಲ್ಲ. ೧೮೮೧ರಲ್ಲಿ ದಿವಾನ್ ರಂಗಾಚಾರ್ಲು ಅವರ ಕಾಲದಲ್ಲಿ ಆರಂಭವಾದ ಪ್ರಜಾಪ್ರತಿನಿಧಿ ಸಭೆಯಲ್ಲಿ ದಿವಾನರು ವರ್ಷದ ಆಡಳಿತವನ್ನು ವಿವರಿಸುತ್ತಿದ್ದರು. ಪ್ರತಿನಿಧಿಗಳು ತಮ್ಮ ತಮ್ಮ ಸೀಮೆಯ ಅಹವಾಲುಗಳನ್ನು ಮುಂದಿಡುತ್ತಿದ್ದರು. ೧೯೨೩ರಲ್ಲಿ ಆ ಸಭೆಗೆ ಶಾಸನದ ಆಧಾರವೂ ದೊರೆಯಿತು. ಆದರೆ ಬೆಂಗಳೂರಿನ ದಂಡುಪ್ರದೇಶವು ಬ್ರಿಟಿಷ್ ರೆಸಿಡೆಂಟನ ಅಧೀನದಲ್ಲಿದ್ದು, ೧೯೪೭ರ ಜುಲೈನಲ್ಲಿ ಮಾತ್ರವೇ ಸಂಸ್ಥಾನಕ್ಕೆ ಹಿಂದಿರುಗಿತು. ಹೀಗಾಗಿ ಹಲಸೂರು ಮೊದಲಾದ ಕಡೆಗಳ ಆಡಳಿತಕ್ಕೆ ದಿವಾನರು ಉತ್ತರವಾದಿಗಳಾಗಿರಲಿಲ್ಲ. ಪ್ರಜಾಪ್ರತಿನಿಧಿ ಸಭೆಯಲ್ಲಿ ಕೇಳುವವರೂ ಹೇಳುವವರೂ ಇದ್ದರು. ಹೇಳಿದ್ದು ನಿಜವೇ ಎಂದು ಕಡತವನ್ನು ತೆಗೆದು ನೋಡುವ ಮೂರನೆಯವನು ಇರಲಿಲ್ಲ.

ಆ ಮೂರನೆಯವನನ್ನು ತಂದುದು ೧೯೮೪ರ ಕರ್ಣಾಟಕ ಲೋಕಾಯುಕ್ತ ಅಧಿನಿಯಮ. ರಾಮಕೃಷ್ಣ ಹೆಗಡೆಯವರು ಮುಖ್ಯಮಂತ್ರಿಗಳಾಗಿದ್ದಾಗ ರಚಿತವಾದ ಈ ಶಾಸನವು ೧೯೮೬ರ ಜನವರಿ ೧೫ರಂದು ಜಾರಿಗೆ ಬಂದಿತು. ಸರ್ವೋಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಎ. ಡಿ. ಕೋಶಲ್ ಅವರು ಮೊದಲನೆಯ ಲೋಕಾಯುಕ್ತರಾದರು. ಹಿಂದಿನ ರಾಜ್ಯ ಜಾಗೃತ ಆಯೋಗವು ರದ್ದಾಯಿತು. ಲೋಕಾಯುಕ್ತರ ಅವಧಿಯು ಐದು ವರ್ಷ. ಮುಖ್ಯಮಂತ್ರಿಗಳ ಸಲಹೆಯಂತೆ ರಾಜ್ಯಪಾಲರು ಅವರನ್ನು ನೇಮಿಸುತ್ತಾರೆ. ಸಲಹೆಗೆ ಮುನ್ನ ಉಚ್ಚ ನ್ಯಾಯಾಲಯದ ಮುಖ್ಯ ನ್ಯಾಯಮೂರ್ತಿಗಳು, ಉಭಯ ಸದನಗಳ ಅಧ್ಯಕ್ಷರು ಮತ್ತು ವಿರೋಧಪಕ್ಷದ ನಾಯಕರೊಡನೆ ಸಮಾಲೋಚನೆ ನಡೆಯಬೇಕು. ಪದವಿಯಿಂದ ತೆಗೆಯಬೇಕಾದರೆ ಉಭಯ ಸದನಗಳೂ ವಿಶೇಷ ಬಹುಮತದಿಂದ ನಿರ್ಣಯಿಸಬೇಕು. ನೇಮಕಕ್ಕಿಂತ ನಿವಾರಣೆಯನ್ನು ಕಠಿನಮಾಡಿರುವುದರಲ್ಲಿ ಶಾಸನಕರ್ತರ ಉದ್ದೇಶವು ಸ್ಪಷ್ಟವಾಗಿದೆ: ನೇಮಿಸಿದವನ ಹಂಗು ನೇಮಕವಾದವನಿಗೆ ಇರಬಾರದು.

ಈ ಅಧಿನಿಯಮದ ವೈಶಿಷ್ಟ್ಯವು ಅದು ಒಪ್ಪಿಕೊಂಡ ಎರಡು ಬಗೆಯ ದೂರುಗಳಲ್ಲಿದೆ. ದುರಾಡಳಿತದಿಂದ ಅನ್ಯಾಯವಾಯಿತೆಂಬುದು ಕುಂದುಕೊರತೆ. ಅಧಿಕಾರವನ್ನು ಸ್ವಾರ್ಥಕ್ಕಾಗಿ ದುರುಪಯೋಗಪಡಿಸಿದನೆಂಬುದು ಆಪಾದನೆ. ಮೊದಲನೆಯದು ಸ್ವೀಡನ್ನಿನ ಮೂಲಪದ್ಧತಿಗೆ ಹತ್ತಿರವಾದುದು. ಎರಡನೆಯದಕ್ಕೆ ಭಾರತದ ಅನುಭವವೇ ಕಾರಣ.

೪

ಶಾಸನದ ಮಾತು ವ್ಯವಹಾರದಲ್ಲಿ ಹೇಗೆ ನಡೆಯತಕ್ಕದ್ದೆಂಬುದಕ್ಕೆ ಒಂದು ಸ್ಥಳವನ್ನು ದೃಷ್ಟಾಂತವಾಗಿ ತೆಗೆದುಕೊಳ್ಳಬಹುದು. ಬೆಂಗಳೂರಿನ ಮೂಡಣ ಭಾಗದಲ್ಲಿ, ಕೃಷ್ಣರಾಜಪುರಕ್ಕೂ ವೈಟ್‌ಫೀಲ್ಡಿಗೂ ನಡುವೆ ಗರುಡಾಚಾರ್‌ಪಾಳ್ಯವಿದೆ. ಹೆಸರಿನ ಕೊನೆಯ ‘ಪಾಳ್ಯ’ವು ಅದು ನಗರದ ಹೊರಗಿನ ಸಣ್ಣ ವಸತಿಯಾಗಿದ್ದ ಕಾಲವನ್ನು ನೆನಪಿಸುತ್ತದೆ. ನೆರೆಯ ಮಹದೇವಪುರದ ನಗರಸಭೆಯು ೨೦೦೭ರಲ್ಲಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆಯಲ್ಲಿ ಲೀನವಾಯಿತು. ಗರುಡಾಚಾರ್‌ಪಾಳ್ಯವು ಆ ಪಾಲಿಕೆಯ ಒಂದು ವಾರ್ಡಾಯಿತು. ೨೦೨೩ರ ಮಾರ್ಚಿಯಲ್ಲಿ ಮೆಟ್ರೊ ರೈಲು ಬಂದಿತು. ೨೦೨೫ರ ಸೆಪ್ಟೆಂಬರಿನಲ್ಲಿ ಮಹಾನಗರ ಪಾಲಿಕೆಯ ಸ್ಥಾನದಲ್ಲಿ ಐದು ನಗರಪಾಲಿಕೆಗಳು ಏರ್ಪಟ್ಟು, ಈ ಭಾಗವು ಬೆಂಗಳೂರು ಪೂರ್ವ ನಗರಪಾಲಿಕೆಗೆ ಸೇರಿತು. ಊರು ಕದಲಲಿಲ್ಲ; ಊರಿನ ಅರ್ಜಿಗಳು ಹೋಗಬೇಕಾದ ಕಚೇರಿಗಳು ಮಾತ್ರ ಬದಲಾಗುತ್ತ ಬಂದವು. ನೀರು ಒಂದು ಮಂಡಲಿಯದು, ವಿದ್ಯುತ್ತು ಒಂದು ಕಂಪನಿಯದು, ಜಮೀನಿನ ದಾಖಲೆ ತಹಶೀಲ್ದಾರರದು, ಮನೆಯ ಖಾತೆ ಪಾಲಿಕೆಯದು. ಇಂತಹ ಕಡೆಯಲ್ಲಿ ‘ಇದು ನಮ್ಮ ಕಚೇರಿಗೆ ಸೇರಿದುದಲ್ಲ’ ಎಂಬ ಉತ್ತರವು ಸುಲಭವಾಗಿ ಹುಟ್ಟುತ್ತದೆ.

ಇಲ್ಲಿಯ ಗೃಹಸ್ಥನೊಬ್ಬನು ತಂದೆಯ ಕಾಲಾನಂತರ ಮನೆಯ ಖಾತೆಯನ್ನು ತನ್ನ ಹೆಸರಿಗೆ ಮಾಡಿಕೊಡಬೇಕೆಂದು ಅರ್ಜಿ ಕೊಟ್ಟನೆಂದೂ, ತಿಂಗಳುಗಳು ಕಳೆದರೂ ಉತ್ತರ ಬರಲಿಲ್ಲವೆಂದೂ ಇಟ್ಟುಕೊಳ್ಳಬಹುದು. ಇದು ಕುಂದುಕೊರತೆ. ಆತನು ಗೊತ್ತಾದ ನಮೂನೆಯಲ್ಲಿ ದೂರನ್ನು ಬರೆದು, ಪ್ರಮಾಣಪತ್ರವನ್ನು ಜೊತೆಗಿಟ್ಟು, ಡಾ. ಅಂಬೇಡ್ಕರ್ ಬೀದಿಯ ಬಹುಮಹಡಿ ಕಟ್ಟಡದಲ್ಲಿರುವ ಲೋಕಾಯುಕ್ತ ಕಚೇರಿಗೆ ಸಲ್ಲಿಸಬಹುದು. ಮಂತ್ರಿಗಳು, ಶಾಸಕರು, ಹಿರಿಯ ಅಧಿಕಾರಿಗಳು ಲೋಕಾಯುಕ್ತರ ವ್ಯಾಪ್ತಿಗೆ ಸೇರಿದರೆ, ಕೆಳಗಣ ನೌಕರರು ಉಪಲೋಕಾಯುಕ್ತರ ವ್ಯಾಪ್ತಿಗೆ ಸೇರುತ್ತಾರೆ. ದೂರಿನಲ್ಲಿ ಹುರುಳಿದೆಯೆಂದು ಕಂಡರೆ ಪರಿಹಾರಕ್ಕೆ ಶಿಫಾರಸು ಹೋಗುತ್ತದೆ. ಕೈಕೊಂಡ ಕ್ರಮವನ್ನು ಒಂದು ತಿಂಗಳೊಳಗೆ ತಿಳಿಸಬೇಕು. ಖಾತೆಗೆ ಹಣ ಕೇಳಿದರೆಂಬುದಾದರೆ ವಿಷಯವು ಆಪಾದನೆಯಾಗುತ್ತದೆ. ಆಗ ಲಂಚನಿರೋಧ ಶಾಸನದಂತೆ ತನಿಖೆ ಮಾಡಲು ಸಂಸ್ಥೆಯ ಪೋಲೀಸ್ ವಿಭಾಗವಿದೆ. ಆಪಾದನೆಯ ವಿಚಾರಣೆಯ ವರದಿಗೆ ಸಕ್ಷಮ ಪ್ರಾಧಿಕಾರವು ಮೂರು ತಿಂಗಳೊಳಗೆ ಉತ್ತರ ಕೊಡಬೇಕು. ಉತ್ತರವು ತೃಪ್ತಿಕರವಾಗದಿದ್ದರೆ ರಾಜ್ಯಪಾಲರಿಗೆ ವಿಶೇಷ ವರದಿಯನ್ನು ಒಪ್ಪಿಸಬಹುದು. ಅದು ಸರ್ಕಾರದ ವಿವರಣೆಯೊಡನೆ ಶಾಸನಸಭೆಯ ಮುಂದೆ ಬರುತ್ತದೆ. ಸುಳ್ಳು ದೂರು ಕೊಟ್ಟವನಿಗೂ ಶಿಕ್ಷೆಯುಂಟು.

ಈ ಸರಣಿಯಲ್ಲಿ ಗುಮಾಸ್ತನಿಂದ ಶಾಸನಸಭೆಯವರೆಗೆ ಒಂದು ಎಳೆಯಿದೆ. ಖಾತೆಯೊಂದರ ವಿಳಂಬಕ್ಕೂ ಸರ್ಕಾರದ ಹೊಣೆಗಾರಿಕೆಗೂ ಇರುವ ಸಂಬಂಧವು ಆ ಎಳೆಯೇ. ಎಲ್ಲಿಯಾದರೂ ಒಂದು ಕಡೆ ಅದು ಕಡಿದರೆ ಉಳಿದ ಭಾಗವೆಲ್ಲ ವ್ಯರ್ಥ.

೫

ಎಳೆಯು ಎಲ್ಲೆಲ್ಲಿ ಕಡಿಯಬಹುದೆಂಬುದನ್ನು ಕಳೆದ ಇಪ್ಪತ್ತೈದು ವರ್ಷಗಳ ಇತಿಹಾಸವು ತೋರಿಸಿಕೊಟ್ಟಿದೆ. ೨೦೦೧ರಿಂದ ೨೦೦೬ರವರೆಗೆ ಲೋಕಾಯುಕ್ತರಾಗಿದ್ದ ನ್ಯಾಯಮೂರ್ತಿ ಎನ್. ವೆಂಕಟಾಚಲ ಅವರು ಆಸ್ಪತ್ರೆಗಳಿಗೂ ಕಚೇರಿಗಳಿಗೂ ಮುನ್ಸೂಚನೆಯಿಲ್ಲದೆ ಹೋಗಿ ಪರೀಕ್ಷಿಸಿ, ಅದುವರೆಗೆ ಶಾಸನಜ್ಞರಿಗಷ್ಟೇ ತಿಳಿದಿದ್ದ ಪದವನ್ನು ಮನೆಮಾತಾಗಿ ಮಾಡಿದರು. ಅವರ ತರುವಾಯ ಬಂದ ನ್ಯಾಯಮೂರ್ತಿ ಎನ್. ಸಂತೋಷ್ ಹೆಗ್ಡೆಯವರು ಅಕ್ರಮ ಗಣಿಗಾರಿಕೆಯ ವಿಷಯದಲ್ಲಿ ೨೦೦೮ರ ಡಿಸೆಂಬರಿನಲ್ಲಿಯೂ ೨೦೧೧ರ ಜುಲೈ ೨೭ರಂದೂ ವರದಿಗಳನ್ನು ಒಪ್ಪಿಸಿದರು. ನಡುವೆ ೨೦೧೦ರ ಜೂನ್ ತಿಂಗಳಲ್ಲಿ, ಸರ್ಕಾರದ ಸಹಕಾರವಿಲ್ಲವೆಂದು ರಾಜೀನಾಮೆ ಕೊಟ್ಟು, ಕೆಲವು ದಿನಗಳ ಮೇಲೆ ಹಿಂತೆಗೆದುಕೊಂಡಿದ್ದರು. ಎರಡನೆಯ ವರದಿಯ ತರುವಾಯ ಜುಲೈ ೩೧ರಂದು ಮುಖ್ಯಮಂತ್ರಿ ಬಿ. ಎಸ್. ಯಡಿಯೂರಪ್ಪನವರು ರಾಜೀನಾಮೆಯನ್ನಿತ್ತರು. ಆ ವರದಿಯ ಆಧಾರದ ಮೇಲೆ ಅವರ ವಿರುದ್ಧ ದಾಖಲಾಗಿದ್ದ ಪ್ರಥಮ ವರ್ತಮಾನ ವರದಿಯನ್ನು ಉಚ್ಚ ನ್ಯಾಯಾಲಯವು ೨೦೧೨ರ ಮಾರ್ಚಿಯಲ್ಲಿ ರದ್ದುಪಡಿಸಿತು. ಈ ಎರಡು ಸಂಗತಿಗಳನ್ನೂ ಒಟ್ಟಿಗೆ ನೋಡಬೇಕು. ವರದಿಗೆ ಲೋಕದ ಮುಂದೆ ಅಪಾರವಾದ ಬಲವುಂಟು. ಆದರೆ ವರದಿಯು ತೀರ್ಪಲ್ಲ.

ಮೊದಲನೆಯ ಕಡಿತವು ತೆರವಾದ ಪೀಠದಿಂದ ಉಂಟಾಗುತ್ತದೆ. ೨೦೧೧ರ ಸೆಪ್ಟೆಂಬರಿನಿಂದ ೨೦೧೩ರ ಫೆಬ್ರವರಿಯವರೆಗೂ, ಮತ್ತೆ ೨೦೧೫ರ ಡಿಸೆಂಬರಿನಿಂದ ೨೦೧೭ರ ಜನವರಿಯವರೆಗೂ ರಾಜ್ಯದಲ್ಲಿ ಲೋಕಾಯುಕ್ತರಿರಲಿಲ್ಲ. ಶಾಸನವನ್ನು ಒಂದಕ್ಷರವೂ ತಿದ್ದದೆ ಅದರ ಫಲವನ್ನು ತಡೆಯುವುದಕ್ಕೆ ಇದಕ್ಕಿಂತ ಸುಲಭವಾದ ಉಪಾಯವಿಲ್ಲ. ನೇಮಕದ ಕ್ರಮವೂ ವಿವಾದಕ್ಕೆ ಒಳಗಾಯಿತು. ೨೦೧೩ರ ಜನವರಿಯಲ್ಲಿ ಸರ್ವೋಚ್ಚ ನ್ಯಾಯಾಲಯವು ಉಪಲೋಕಾಯುಕ್ತರೊಬ್ಬರ ನೇಮಕವನ್ನು, ಮುಖ್ಯ ನ್ಯಾಯಮೂರ್ತಿಗಳೊಡನೆ ಸಮಾಲೋಚಿಸದೆ ಮಾಡಿದುದೆಂಬ ಕಾರಣದಿಂದ, ಅಸಿಂಧುವೆಂದು ನಿರ್ಣಯಿಸಿತು. ಆದರೆ ಮುಖ್ಯ ನ್ಯಾಯಮೂರ್ತಿಗಳ ಅಭಿಪ್ರಾಯಕ್ಕೆ ಪ್ರಾಧಾನ್ಯವಿಲ್ಲವೆಂದೂ ಹೇಳಿತು. ಕೇಳಲೇಬೇಕು, ಕೇಳಿದಂತೆ ನಡೆಯಬೇಕೆಂಬ ಕಟ್ಟಿಲ್ಲ ಎಂಬುದು ಇದರ ತಾತ್ಪರ್ಯ.

ಎರಡನೆಯ ಕಡಿತವು ಒಳಗಿನಿಂದಲೇ ಬಂದಿತು. ೨೦೧೫ರಲ್ಲಿ ಸಂಸ್ಥೆಯ ಹೆಸರನ್ನು ಹೇಳಿ ಅಧಿಕಾರಿಗಳಿಂದ ಹಣವನ್ನು ವಸೂಲುಮಾಡಲಾಗುತ್ತಿದೆ ಎಂಬ ಆಪಾದನೆಯು ಹೊರಬಿದ್ದು, ಆ ವರ್ಷದ ಕೊನೆಗೆ ಲೋಕಾಯುಕ್ತರು ರಾಜೀನಾಮೆ ಕೊಟ್ಟರು. ಬೇಲಿಯ ಗಾದೆಯು ಬೇಲಿಯನ್ನು ಕಾಯಲು ನಿಂತವನಿಗೂ ಅನ್ವಯಿಸುತ್ತದೆಂಬುದು ಆಗ ವಿದಿತವಾಯಿತು. ಸ್ವಾತಂತ್ರ್ಯವೆಂದರೆ ಯಾರಿಗೂ ಉತ್ತರವಾದಿಯಾಗದಿರುವುದೆಂದು ಅರ್ಥವಲ್ಲ.

ಮೂರನೆಯದು ಕೈಗಳನ್ನು ಕಳೆದುಕೊಂಡುದು. ೧೯೯೮ರಲ್ಲಿಯೇ ಸರ್ವೋಚ್ಚ ನ್ಯಾಯಾಲಯವು ರಂಗಸ್ವಾಮಯ್ಯನವರ ಮೊಕದ್ದಮೆಯಲ್ಲಿ, ಲೋಕಾಯುಕ್ತರ ಅಧೀನದಲ್ಲಿರುವ ಪೋಲೀಸ್ ಅಧಿಕಾರಿಗಳಿಗೆ ಸರ್ಕಾರವು ಬೇರೆ ಕೆಲಸವನ್ನು ವಹಿಸಬೇಕಾದರೆ ಲೋಕಾಯುಕ್ತರ ಸಮ್ಮತಿ ಬೇಕೆಂಬ ಆಶಯವನ್ನು ತಿಳಿಸಿತ್ತು. ಹೀಗಿರಲಾಗಿ, ೨೦೧೬ರ ಮಾರ್ಚಿಯಲ್ಲಿ ರಾಜ್ಯ ಸರ್ಕಾರವು ಭ್ರಷ್ಟಾಚಾರ ನಿಗ್ರಹ ದಳವೆಂಬ ಹೊಸ ಅಂಗವನ್ನು ಕೇವಲ ಸರ್ಕಾರಿ ಆಜ್ಞೆಯಿಂದ ನಿರ್ಮಿಸಿ, ಲೋಕಾಯುಕ್ತ ಪೋಲೀಸರಿಗಿದ್ದ ತನಿಖಾಧಿಕಾರವನ್ನು ಅದಕ್ಕೆ ವಹಿಸಿತು. ಆ ದಳವು ಮುಖ್ಯಮಂತ್ರಿಗಳ ಅಧೀನದಲ್ಲಿದ್ದಿತು. ಲೋಕಾಯುಕ್ತರು ಉಳಿದರು, ಅವರ ಕೈಗಳು ಹೋದವು. ೨೦೨೨ರ ಆಗಸ್ಟ್ ೧೧ರಂದು ಉಚ್ಚ ನ್ಯಾಯಾಲಯವು ದಳದ ರಚನೆಯನ್ನು ರದ್ದುಪಡಿಸಿ, ಮೊಕದ್ದಮೆಗಳನ್ನು ಲೋಕಾಯುಕ್ತ ಪೋಲೀಸರಿಗೆ ಹಿಂದಿರುಗಿಸಿತು. ೧೮೦೯ಕ್ಕೆ ಮುಂಚಿನ ಸ್ವೀಡನ್ನಿನಲ್ಲಿ ದೊರೆಯ ಕಣ್ಣು ಇದ್ದಂತೆ, ಆ ಆರು ವರ್ಷಗಳಲ್ಲಿ ಲಂಚದ ತನಿಖೆಯು ಆಳುವವರದೇ ಕಣ್ಣಾಗಿ ನಡೆಯಿತು.

೬

ಕರ್ಣಾಟಕದ ಈ ಅನುಭವವು ರಾಷ್ಟ್ರದ ಅನುಭವಕ್ಕೂ ಸಂಬಂಧಿಸಿದುದು. ಕೇಂದ್ರದಲ್ಲಿ ಲೋಕಪಾಲ ಮಸೂದೆಯು ಮೊದಲು ೧೯೬೮ರಲ್ಲಿ ಬಂದಿತು. ಮತ್ತೆ ಮತ್ತೆ ಬಂದು ಬಿದ್ದುಹೋಗಿ, ೨೦೧೧ರ ಆಂದೋಲನದ ಒತ್ತಡದಿಂದ ೨೦೧೩ರಲ್ಲಿ ಶಾಸನವಾಯಿತು. ಮಸೂದೆಯ ಸಂಯುಕ್ತ ಕರಡು ಸಮಿತಿಯಲ್ಲಿ ಸಂತೋಷ್ ಹೆಗ್ಡೆಯವರೂ ಇದ್ದರು. ಶಾಸನವು ೨೦೧೪ರ ಜನವರಿಯಲ್ಲಿ ಜಾರಿಗೆ ಬಂದರೂ, ಮೊದಲನೆಯ ಲೋಕಪಾಲರಾಗಿ ನ್ಯಾಯಮೂರ್ತಿ ಪಿನಾಕಿ ಚಂದ್ರ ಘೋಷ್ ಅವರ ನೇಮಕವಾದುದು ೨೦೧೯ರ ಮಾರ್ಚಿಯಲ್ಲಿ. ಖಾಲಿ ಪೀಠದ ಕಥೆಯು ಅಲ್ಲಿಯೂ ನಡೆಯಿತು. ಅಲ್ಲದೆ ರಾಷ್ಟ್ರದ ಲೋಕಪಾಲನ ವ್ಯಾಪ್ತಿಯು ಭ್ರಷ್ಟಾಚಾರದ ದೂರುಗಳಿಗೆ ಸೀಮಿತವಾಗಿದೆ. ೧೯೬೬ರ ವರದಿಯು ಪ್ರಜೆಗಳ ಕುಂದುಕೊರತೆಯ ನಿವಾರಣೆಯನ್ನೇ ತನ್ನ ವಿಷಯವಾಗಿ ಇಟ್ಟುಕೊಂಡಿತ್ತು. ಆ ಅರ್ಧವು ರಾಷ್ಟ್ರದ ಶಾಸನದಲ್ಲಿ ಬಿಟ್ಟುಹೋಗಿ, ಕರ್ಣಾಟಕದ ಶಾಸನದಲ್ಲಿ ಉಳಿದುಕೊಂಡಿದೆ.

ಮೇಲ್ಕಂಡ ಸಂಗತಿಗಳಿಂದ ಈ ಪದವಿಯ ಸ್ವಾತಂತ್ರ್ಯವನ್ನು ಅಳೆಯುವುದಕ್ಕೆ ಮೂರು ಪ್ರಶ್ನೆಗಳು ಸಾಕೆಂದು ತೋರುತ್ತದೆ. ಪೀಠವು ತೆರವಾದಾಗ ಎಷ್ಟು ಬೇಗ ತುಂಬುತ್ತದೆ? ಪೀಠದಲ್ಲಿರುವವನು ಯಾರ ಕೈಗಳಿಂದ ಕೆಲಸಮಾಡುತ್ತಾನೆ? ಆತನ ಮಾತಿಗೆ ಉತ್ತರ ಕೊಡದಿದ್ದವನಿಗೆ ಏನಾಗುತ್ತದೆ? ಈ ಮೂರಕ್ಕೂ ಸಮಾಧಾನಕರವಾದ ಉತ್ತರವು ದೊರೆಯುವ ತನಕ ‘ಲೋಕಾಯುಕ್ತ’ ಸಮಾಸದ ಎರಡು ಅರ್ಥಗಳು ಒಂದಾಗಲಾರವು. ಗರುಡಾಚಾರ್‌ಪಾಳ್ಯದ ಗೃಹಸ್ಥನು ಈ ಸಮಾಸವನ್ನು ಬಿಡಿಸುವ ಗೊಡವೆಗೆ ಹೋಗುವವನಲ್ಲ. ತನ್ನ ಅರ್ಜಿಗೆ ಉತ್ತರ ಬಂದಿತೇ ಇಲ್ಲವೇ ಎಂಬುದರಿಂದಲೇ ಆತನು ಅದರ ಅರ್ಥವನ್ನು ತಿಳಿಯುತ್ತಾನೆ.