ಹೊರಕೋಣೆಯ ಖರ್ಚಿಗೆ ವಿದ್ಯಾಸಿರಿ

ದೇವರಗುಡ್ಡದ ಮಾಲತೇಶನ ಕ್ಷೇತ್ರದಲ್ಲಿ ನವರಾತ್ರಿಯಂದು ಗೊರವಯ್ಯನು ಬಿಲ್ಲನ್ನೇರಿ ನುಡಿಯುವ ಕಾರಣಿಕಕ್ಕೆ ಸುತ್ತಲಿನ ರೈತರೆಲ್ಲ ಕಿವಿಗೊಡುತ್ತಾರೆ. ಮಳೆಬೆಳೆಗಳನ್ನು ನಂಬಿದ ಮನೆಗಳಲ್ಲಿ ಮಕ್ಕಳ ಓದೂ ಅವುಗಳನ್ನೇ ನಂಬಿದೆಯಲ್ಲವೆ? ರಾಣೆಬೆನ್ನೂರಿನ ಕಾಲೇಜಿಗೆ ದಿನವೂ ಹೋಗಿಬರಬಹುದು. ಧಾರವಾಡದ ವಿಶ್ವವಿದ್ಯಾಲಯಕ್ಕೆ ಸೇರಿದವರು ಅಲ್ಲಿಯೇ ನೆಲೆಸಬೇಕು.

ಹಿಂದಿನ ತಲೆಮಾರಿನ ಬಡ ವಿದ್ಯಾರ್ಥಿಗಳಿಗೆ ವಾರಾನ್ನವೂ ಮಠಗಳ ಪ್ರಸಾದನಿಲಯಗಳೂ ಆಸರೆಯಾಗಿದ್ದುವು. ಇಂದು ಸರ್ಕಾರಿ ವಿದ್ಯಾರ್ಥಿನಿಲಯಗಳಿದ್ದರೂ ಎಲ್ಲರಿಗೂ ಎಡೆ ದೊರೆಯದು. ಹಾಗೆ ಹೊರಗುಳಿದ ಹಿಂದುಳಿದ ವರ್ಗಗಳ ವಿದ್ಯಾರ್ಥಿಗಳಿಗಾಗಿ ಕರ್ನಾಟಕ ಸರ್ಕಾರವು 2013-14ರಲ್ಲಿ ‘ವಿದ್ಯಾಸಿರಿ’ ಯೋಜನೆಯನ್ನು ಆರಂಭಿಸಿತು. ಊಟ-ವಸತಿಗೆಂದು ಆಗ ಗೊತ್ತುಮಾಡಿದ ಸಹಾಯಧನ ತಿಂಗಳಿಗೆ 1,500 ರೂಪಾಯಿ. ಅದೂ ವರ್ಷದಲ್ಲಿ 10 ತಿಂಗಳಿಗೆ ಮಾತ್ರ.

ಒಟ್ಟು 15,000 ರೂಪಾಯಿಯನ್ನು 12 ತಿಂಗಳಿಗೆ ಹಂಚಿದರೆ ತಿಂಗಳಿಗೆ ದೊರೆಯುವುದು 1,250. ಕೋಣೆಯ ಒಡೆಯನು ಮುಂಗಡವನ್ನು ಮೊದಲ ದಿನವೇ ಕೇಳುತ್ತಾನೆ. ಸಹಾಯಧನವಾದರೋ ಅರ್ಜಿ, ಪರಿಶೀಲನೆಗಳನ್ನು ದಾಟಿ ಬ್ಯಾಂಕಿನ ಖಾತೆಗೆ ಬರಬೇಕು. ಆದುದರಿಂದ ಮೊದಲ ತಿಂಗಳುಗಳ ಹಣವನ್ನು ಮನೆಯವರೇ ಒದಗಿಸಿಕೊಳ್ಳುವುದು ಕ್ಷೇಮ. ಮೂವರು ಕೂಡಿ ಒಂದು ಕೋಣೆ ಹಿಡಿದರೆ ಬಾಡಿಗೆಯ ಭಾರ ಇಳಿಯುತ್ತದೆ. ಊರಿನ ಬಸ್ಸಿನಲ್ಲಿ ಬರುವ ರೊಟ್ಟಿಯ ಬುತ್ತಿಯಿಂದ ಊಟದ ಖರ್ಚೂ ತಗ್ಗುತ್ತದೆ. ಹಣ ಒಮ್ಮೆಲೇ ಕೈಸೇರಿದಾಗ ಮೊದಲು ಬಾಡಿಗೆಯ ಬಾಕಿಯನ್ನು ತೀರಿಸಿ, ಉಳಿದುದನ್ನು ಪರೀಕ್ಷೆಯ ತಿಂಗಳುಗಳಿಗೆ ಕಾದಿರಿಸಬೇಕು. ಹೊಸ ಮೊಬೈಲಿಗೆ ಅದರಲ್ಲಿ ಪಾಲಿಲ್ಲ.

ಮೊತ್ತ ಸಣ್ಣದೆಂಬುದು ನಿಜ. ಆದರೆ ಜಾಣೆಯಾದ ಮಗಳಿಗೆ “ಪಿ.ಯು.ಸಿ. ಆಯಿತಲ್ಲ, ಇನ್ನು ಸಾಕು” ಎನ್ನಲು ಹೊರಟ ತಂದೆಯನ್ನು ಒಂದು ಗಳಿಗೆ ತಡೆದು ಮತ್ತೆ ಲೆಕ್ಕ ಹಾಕಿಸುವಷ್ಟು ಶಕ್ತಿ ಅದಕ್ಕಿದೆ.