ಬರ್ಲಿನ್ನಿನ ಬೀದಿಗೆ ಮಾತು ಕೊಟ್ಟವರು

ಪರದೆ ಮೇಲೆ ಇವರ ಮುಖ ಕಾಣಲ್ಲ. ಆದ್ರೆ ಒಂದೊಂದು ಮಾತಿನಲ್ಲೂ ಇವರೇ ಇದ್ದಾರೆ. ವೋಲ್ಫ್‌ಗಾಂಗ್ ಕೋಲ್‌ಹಾಸೆ, ಜರ್ಮನಿಯ ಚಿತ್ರಕಥೆಗಾರರು.

ಹುಟ್ಟಿದ್ದು 1931, ಬರ್ಲಿನ್. ಎರಡನೇ ಮಹಾಯುದ್ಧ ಮುಗಿದಾಗ ಹದಿನಾಲ್ಕರ ಹುಡುಗ. ಮೊದಲು ಪತ್ರಿಕೆ ಕೆಲಸ, ಆಮೇಲೆ ಪೂರ್ವ ಜರ್ಮನಿಯ ಸಿನಿಮಾ ಸ್ಟುಡಿಯೋ ಡೇಫಾ.

1957ರ ‘ಬರ್ಲಿನ್ – ಎಕ್ಕೆ ಷೋನ್‌ಹೌಸರ್’ ನೋಡಿ. ರೈಲು ಸೇತುವೆ ಕೆಳಗೆ ಹುಡುಗರ ಗುಂಪು. ಪಶ್ಚಿಮ ಜರ್ಮನಿಯ ಹಣ, ಒಂದೇ ಒಂದು ಮಾರ್ಕ್ ಆಸೆಗೆ ಒಬ್ಬ ಬೀದಿದೀಪಕ್ಕೆ ಕಲ್ಲು ಬೀರ್ತಾನೆ. ಎರಡು ಪಾಲಾದ ಊರಿನ ನೋವು ಅಷ್ಟರಲ್ಲೇ ಬಂತು!

1965ರಲ್ಲಿ ಬರೆದ ಒಂದು ಚಿತ್ರವನ್ನ ಪೂರ್ವ ಜರ್ಮನಿ ಸರ್ಕಾರ ತಡೆಹಿಡಿಯಿತು. ಲೇಖನಿ ನಿಲ್ಲಲಿಲ್ಲ. 1980ರಲ್ಲಿ ‘ಸೋಲೋ ಸನ್ನಿ’: ಕಾರ್ಖಾನೆ ಬಿಟ್ಟು ಹಾಡೋಕೆ ಹೊರಟ ಹೆಣ್ಣಿನ ಕಥೆ. ನಾಯಕಿಗೆ ಬರ್ಲಿನ್ ಚಿತ್ರೋತ್ಸವದ ಬೆಳ್ಳಿ ಕರಡಿ ಪ್ರಶಸ್ತಿ ಸಿಕ್ಕಿತು.

ಬರ್ಲಿನ್ ಗೋಡೆ ಬಿತ್ತು, ಅವರು ಬರೀತಿದ್ದ ಪೂರ್ವ ಜರ್ಮನಿ ದೇಶವೇ ಇಲ್ಲವಾಯ್ತು. ಆದ್ರೂ ಟಿವಿಗೆ 1997ರಲ್ಲಿ ‘ಕೋಪೆನಿಕ್‌ನ ಕ್ಯಾಪ್ಟನ್’, ಚಿತ್ರಮಂದಿರಕ್ಕೆ 2005ರಲ್ಲಿ ‘ಬಾಲ್ಕನಿಯ ಬೇಸಿಗೆ’ ಬರೆದರು. 2010ರಲ್ಲಿ ಅದೇ ಬರ್ಲಿನ್ ಚಿತ್ರೋತ್ಸವದ ಗೌರವ ಚಿನ್ನದ ಕರಡಿ ಅವರಿಗೆ ಬಂತು. 2022ರಲ್ಲಿ, 91ನೇ ವಯಸ್ಸಲ್ಲಿ ತೀರಿಕೊಂಡರು.

ಮುಂದಿನ ಸಲ ಸಿನಿಮಾ ಮುಗಿದಾಗ ಎದ್ದು ಹೋಗಬೇಡಿ. ಬರೆದವರ ಹೆಸರು ಓದಿ!