ಒಂದಕ್ಕೆಷ್ಟು?

ಸರ್ಕಾರಿ ಶಾಲೆಯ ಅಂಗಳದಲ್ಲಿ ಮಕ್ಕಳ ಸಂತೆ ನೆರೆದಿದೆ. ಕರಿಹಲಗೆಯ ಮೇಲೆ ‘ಮೆಟ್ರಿಕ್ ಮೇಳ’ ಎಂದು ಬರೆದಿದ್ದರೂ ಎಲ್ಲರ ಬಾಯಲ್ಲಿ ಅದು ಸಂತೆಯೇ. ಗೋಣಿಚೀಲ, ಹಳೆ ಸೀರೆ ಹಾಸಿಕೊಂಡು ನಾಲ್ಕು, ಐದನೇ ತರಗತಿಯವರು ಸಾಲಾಗಿ ಕೂತಿದ್ದಾರೆ. ಹಿತ್ತಲ ನುಗ್ಗೆಕಾಯಿ, ಕರಿಬೇವು, ಕೊತ್ತಂಬರಿ ಕಟ್ಟು, ಅಮ್ಮ ಕಲಸಿಕೊಟ್ಟ ಚುರುಮುರಿ. ಕೂಗಾಟವೋ ಕೂಗಾಟ.

ನಿಂಬೆಹಣ್ಣಿನ ಎರಡು ಗುಡ್ಡೆಗಳ ಮುಂದೆ ಅಜ್ಜಿಯೊಬ್ಬರು ನಿಂತರು. ಹುಡುಗನದು ಆರಕ್ಕೆ ಮೂವತ್ತು, ಪಕ್ಕದ ಹುಡುಗಿಯದು ಎಂಟಕ್ಕೆ ಮೂವತ್ತಾರು.

“ಒಂದಕ್ಕೆಷ್ಟು ಬೀಳ್ತದೆ, ಅದನ್ನ ಹೇಳವ್ವಾ.”

ಹುಡುಗಿ ಅಂಗೈ ಮೇಲೆ ಬೆರಳಾಡಿಸಿದಳು. ಎಂಟ್ನಾಕ್ಲಿ ಮೂವತ್ತೆರಡು. ಉಳಿದ ನಾಲ್ಕು ರೂಪಾಯಿಯನ್ನು ಎಂಟು ಹಣ್ಣಿಗೆ ಹಂಚಿದರೆ ಐವತ್ತೈವತ್ತು ಪೈಸೆ. “ನಾಲ್ಕೂವರೆ ಅಜ್ಜಿ. ಅವನದು ಐದು!” ಎಂಟೂ ಹಣ್ಣು ಅಜ್ಜಿಯ ಚೀಲ ಸೇರಿದವು.

ನೆಲ್ಲಿಕಾಯಿ ಮಾರುವವನ ಲೆಕ್ಕ ಮಾತ್ರ ತಿರುವುಮುರುವು. ಹತ್ತು ರೂಪಾಯಿಗೆ ಇಪ್ಪತ್ತು ಕಾಯಿ. “ಒಂದಕ್ಕೆಷ್ಟೋ?” ಎಂದು ಮೇಡಂ ಕೇಳಿದ್ದೇ ತಡ, “ಎರಡು ರೂಪಾಯಿ” ಎಂದ. “ಹಂಗಾದ್ರೆ ಇಪ್ಪತ್ತಕ್ಕೆ?” “ನಲವತ್ತು...” ಎಂದವನೇ ನಾಲಿಗೆ ಕಚ್ಚಿಕೊಂಡ. ಮೇಡಂ ಗದರಲಿಲ್ಲ. ಒಂದು ರೂಪಾಯಿಯ ನಾಣ್ಯ ಅವನ ಮುಂದಿಟ್ಟು, “ಇದಕ್ಕೆಷ್ಟು ಕಾಯಿ ಕೊಡ್ತೀಯ?” ಎಂದರು. ಅವನು ಎರಡು ಕಾಯಿ ಎತ್ತಿಕೊಟ್ಟ. ಅವನು ಹೇಳಿದ ‘ಎರಡು’ ಸುಳ್ಳಲ್ಲ. ಅದು ರೂಪಾಯಿಗೆ ಸಿಗುವ ಕಾಯಿಯ ಲೆಕ್ಕ. ಕಾಯಿಯ ಬೆಲೆ ಬೇಕಾದರೆ ಹತ್ತನ್ನು ಇಪ್ಪತ್ತರಿಂದ ಭಾಗಿಸಬೇಕು: ಐವತ್ತು ಪೈಸೆ. ದೊಡ್ಡದನ್ನು ಚಿಕ್ಕದರಿಂದಲೇ ಭಾಗಿಸಬೇಕೆಂಬ ರೂಢಿ ಮಕ್ಕಳಲ್ಲಿ ಬಹಳ ಬೇಗ ಬೇರೂರುತ್ತದೆ. ಎಲ್ಲ ಲೆಕ್ಕದಲ್ಲೂ ಬೆಲೆಯೇ ದೊಡ್ಡ ಸಂಖ್ಯೆಯಾಗಿದ್ದರೆ ಈ ಎಡವಟ್ಟು ಹೊರಬೀಳುವುದೇ ಇಲ್ಲ. ಏಕಮಾನ ಪದ್ಧತಿ ಕಲಿಸುವಾಗ ಇಂಥ ನೆಲ್ಲಿಕಾಯಿ ಲೆಕ್ಕವನ್ನೇ ಮೊದಲು ಕೊಡಬೇಕು.

ಅತ್ತ ಸೇವಂತಿಗೆ ಮಾಲೆಯ ಜಗಳ. ಮಾರಿಗೆ ಎಂಬತ್ತು, ನಾಲ್ಕು ಮೊಳಕ್ಕೆ ಒಂದು ಮಾರು, ಹಾಗಾಗಿ ಮೊಳಕ್ಕೆ ಇಪ್ಪತ್ತು. ಭಾಗಾಕಾರ ಸರಿಯೇ. ಆದರೆ ಅಳೆಯುತ್ತಿರುವುದು ಒಂಬತ್ತು ವರ್ಷದವಳ ಪುಟ್ಟ ಕೈ. “ನಿನ್ನ ಮೊಳ ಬೇಡ, ನನ್ನ ಮೊಳದಲ್ಲಿ ಹಾಕು” ಎಂದು ಹೆಂಗಸೊಬ್ಬರು ಮೊಣಕೈ ಚಾಚಿದ್ದಾರೆ. ಕೊನೆಗೆ ಒಳಗಿನಿಂದ ಮೀಟರ್ ಕೋಲು ಬಂತು. ಅಳತೆ ಒಂದೇ ಆಗದ ಹೊರತು ಬೆಲೆ ಹೋಲಿಸುವುದಾದರೂ ಹೇಗೆ?

ಪೊಟ್ಟಣದ ಸರಕಿಗೂ ಇದೇ ಮಾತು. ಬಿಸ್ಕೆಟ್ ಪೊಟ್ಟಣದ ಬೆಲೆ ಹತ್ತು ರೂಪಾಯಿಯೇ ಉಳಿದು ಒಳಗಿನ ತೂಕ ಇಳಿದರೆ, ಗುಟ್ಟು ರಟ್ಟಾಗುವುದು ಗ್ರಾಮಿನ ಬೆಲೆಯಲ್ಲಿ. 2011ರ ಪೊಟ್ಟಣ ಸರಕುಗಳ ನಿಯಮಗಳಿಗೆ 2021ರಲ್ಲಿ ತಂದ ತಿದ್ದುಪಡಿಯಂತೆ ಎಂಆರ್‌ಪಿ ಜೊತೆ ಈ ಬೆಲೆಯನ್ನೂ ಮುದ್ರಿಸಬೇಕು: ಕಿಲೋಗಿಂತ ಕಡಿಮೆ ತೂಕದ್ದಾದರೆ ಗ್ರಾಮಿಗೆ, ಹೆಚ್ಚಿನದಾದರೆ ಕಿಲೋಗೆ. ಅಂಗಡಿಗೆ ಹೋಗುವಾಗ ಮಕ್ಕಳನ್ನೂ ಕರೆದುಕೊಂಡು ಹೋಗಿ. ಮೊದಲು ಅವರಿಂದಲೇ ಭಾಗಿಸಿ ಹೇಳಿಸಿ, ಆಮೇಲೆ ಪೊಟ್ಟಣದ ಮೇಲಿನ ಆ ಸಣ್ಣ ಅಕ್ಷರ ತೋರಿಸಿ.